ಬೆಳಕಿನ ಗಣಿತ ಕಲಿಸಿದ ಗ್ರಂಥಗಳು

ಸಾಧಾರಣವಾದ ಗಾಜಿನ ಮಸೂರವೊಂದು, ತನ್ನ ಮುಂದೆ ಹಿಡಿದ ಚಿತ್ರದಲ್ಲಿ ಅಡಗಿರುವ ಆವರ್ತನಗಳನ್ನೆಲ್ಲ ಬೇರೆಬೇರೆಯಾಗಿ ವಿಂಗಡಿಸಿ, ಗಣಿತಜ್ಞರು ಫೂರಿಯೇ ಪರಿವರ್ತನೆಯೆಂದು ಕರೆಯುವ ದೀರ್ಘವಾದ ಲೆಕ್ಕವನ್ನು ಬೆಳಕು ತನ್ನನ್ನು ದಾಟಿಹೋಗುವಷ್ಟು ಹೊತ್ತಿನಲ್ಲಿಯೇ ಮಾಡಿ ಮುಗಿಸುತ್ತದೆಯೆಂಬುದನ್ನು ನಾನು ಮೊತ್ತಮೊದಲು ತಿಳಿದುದು ಜೋಸೆಫ್ ಗುಡ್‌ಮನ್ನರ ‘ಇಂಟ್ರೊಡಕ್ಷನ್ ಟು ಫೂರಿಯೇ ಆಪ್ಟಿಕ್ಸ್’ ಎಂಬ ಗ್ರಂಥದಿಂದ. ಅದು ಅಮೆರಿಕದಲ್ಲಿ ಪ್ರಕಟವಾದುದು 1968ರಲ್ಲಿ; ನನ್ನ ಕೈಗೆ ಬಂದುದು 1970ರ ದಶಕದ ಆರಂಭದಲ್ಲಿ, ಬೆಂಗಳೂರಿನ ಟಾಟಾ ಇನ್‌ಸ್ಟಿಟ್ಯೂಟಿನ ಪುಸ್ತಕಾಲಯದಲ್ಲಿ. ಆಗ ನಾನು ಇಂಜಿನಿಯರಿಂಗ್ ಪದವಿಯನ್ನು ಪಡೆದು, ರೇಡಾರಿನ ಸಂಕೇತಗಳನ್ನು ಕುರಿತು ಕೆಲಸಮಾಡುವ ಪ್ರಯೋಗಾಲಯವೊಂದರಲ್ಲಿ ಕಿರಿಯ ಹುದ್ದೆಗೆ ಸೇರಿದ್ದೆ. ಫೂರಿಯೇ ಸಮಾಕಲನ ನನಗೆ ಅಪರಿಚಿತವಾಗಿರಲಿಲ್ಲ. ಪರೀಕ್ಷೆಗಾಗಿ ಅದನ್ನು ಪುಟಗಟ್ಟಲೆ ಬಿಡಿಸಿದ್ದೆ, ಕೋಷ್ಟಕಗಳನ್ನು ಬಾಯಿಪಾಠಮಾಡಿದ್ದೆ. ಆದರೆ ಆ ಸಮಾಕಲನ ಪ್ರಕೃತಿಯಲ್ಲಿ ತಾನೇ ತಾನಾಗಿ ನಡೆಯುತ್ತಿರುತ್ತದೆ, ಅದನ್ನು ಕಣ್ಣಾರೆ ಕಾಣಬಹುದು, ಬೇಕೆನಿಸಿದರೆ ಅದರ ನಡುವೆ ಒಂದು ಸೂಜಿಯ ಮೊನೆಯನ್ನಿಟ್ಟು ಅದರ ಒಂದು ಪದವನ್ನು ಅಳಿಸಿಬಿಡಬಹುದು ಎಂಬ ಭಾವನೆ ಅದುವರೆಗೆ ನನ್ನ ಮನಸ್ಸಿನ ಹತ್ತಿರಕ್ಕೂ ಸುಳಿದಿರಲಿಲ್ಲ.

ಗುಡ್‌ಮನ್ನರ ಬರವಣಿಗೆಯಲ್ಲಿ ನನ್ನನ್ನು ಹಿಡಿದು ನಿಲ್ಲಿಸಿದ ಗುಣ ಅವರ ತಾಳ್ಮೆ. 1936ರಲ್ಲಿ ಜನಿಸಿದ ಅವರು ಆ ಗ್ರಂಥವನ್ನು ಬರೆದಾಗ ಇನ್ನೂ ತರುಣರು; ಆದರೂ ಓದುವವನು ಎಲ್ಲಿ ಎಡವುತ್ತಾನೆಂಬುದನ್ನು ಬಹುಕಾಲ ಪಾಠ ಹೇಳಿದ ಮೇಷ್ಟರಂತೆ ಬಲ್ಲವರಾಗಿ, ಎರಡು ಆಯಾಮಗಳ ರೇಖೀಯ ವ್ಯವಸ್ಥೆಗಳಿಂದ ಆರಂಭಿಸಿ, ಕಿರ್ಖಾಫ್, ರೇಲೀ, ಸೊಮ್ಮರ್‌ಫೆಲ್ಡ್ ಮೊದಲಾದವರ ವಿವರ್ತನಸಿದ್ಧಾಂತವನ್ನು ಹಾದು, ಫ್ರೆನೆಲ್ ಮತ್ತು ಫ್ರೌನ್‌ಹೋಫರರ ಸರಳೀಕರಣಗಳನ್ನು ಒಂದೊಂದಾಗಿ ವಿವರಿಸಿ, ಆಮೇಲೆಯೇ ಅವರು ಮಸೂರದ ಬಳಿಗೆ ಬರುತ್ತಾರೆ. ಅಲ್ಲಿ ಮಸೂರವು ಹಾದುಹೋಗುವ ಅಲೆಯನ್ನು ಅಂಚಿಗಿಂತ ನಡುವಿನಲ್ಲಿ ಹೆಚ್ಚಾಗಿ ತಡೆದು ಕಳುಹಿಸುವ ಗಾಜಿನ ತುಂಡಾಗಿ ಕಾಣಿಸಿಕೊಳ್ಳುತ್ತದೆ. ಆ ತಡದ ಪ್ರಮಾಣವು, ಅಲೆ ಮುಂದೆ ಹರಡಿಕೊಳ್ಳುವಾಗ ಸಮೀಕರಣದಲ್ಲಿ ಬಂದು ಸೇರುವ ವರ್ಗಪದವನ್ನು ಸರಿಯಾಗಿ ಹೊಡೆದುಹಾಕುತ್ತದೆ. ಉಳಿಯುವುದು ಶುದ್ಧವಾದ ಫೂರಿಯೇ ಸಮಾಕಲನ. ಆ ಪುಟವನ್ನು ಓದಿದ ಸಂಜೆ ನಾನು ಮನೆಗೆ ಹೋಗಿ ಲೆಕ್ಕ ಹಾಕಿದೆ. ಮಿಲಿಮೀಟರಿಗೆ 10 ಗೆರೆಗಳುಳ್ಳ ಗ್ರೇಟಿಂಗನ್ನು 500 ಮಿಲಿಮೀಟರ್ ಸಂಗಮದೂರದ ಮಸೂರದ ಮುಂದಿಟ್ಟು, ಹೀಲಿಯಂ-ನಿಯಾನ್ ಲೇಸರಿನ 632.8 ನ್ಯಾನೊಮೀಟರ್ ತರಂಗದೂರದ ಕೆಂಪು ಬೆಳಕನ್ನು ಹಾಯಿಸಿದರೆ, ನಡುವಣ ಚುಕ್ಕೆಯಿಂದ ಸುಮಾರು 3.16 ಮಿಲಿಮೀಟರ್ ಆಚೆಗೊಂದು ಈಚೆಗೊಂದು ಚುಕ್ಕೆ ಮೂಡಬೇಕು. ಗೆರೆಗಳನ್ನು 20ಕ್ಕೆ ಏರಿಸಿದರೆ ಆ ದೂರವೂ ಇಮ್ಮಡಿಯಾಗಬೇಕು. ಆವರ್ತನವೆಂಬ ಅಮೂರ್ತವಸ್ತು ಅಳತೆಗೋಲಿಗೆ ಸಿಕ್ಕುವ ದೂರವಾಗಿ ಪರಿಣಮಿಸುವ ಈ ವಿಚಾರ ನನ್ನನ್ನು ಆ ರಾತ್ರಿ ಬಹಳ ಹೊತ್ತು ಎಚ್ಚರವಾಗಿಟ್ಟಿತು.

ಒಳ್ಳೆಯ ಗ್ರಂಥದ ಅಡಿಟಿಪ್ಪಣಿಗಳು ಓದುಗನನ್ನು ಹಿಂದಿನ ಗ್ರಂಥಗಳ ಬಳಿಗೆ ಕರೆದೊಯ್ಯುತ್ತವೆ. ಜರ್ಮನಿಯ ಯೇನಾ ನಗರದಲ್ಲಿ ಸೂಕ್ಷ್ಮದರ್ಶಕಗಳನ್ನು ತಯಾರಿಸುತ್ತಿದ್ದ ಕಾರ್ಲ್ ಝೈಸ್‌ರ ಜೊತೆಗಾರರಾದ ಎರ್ನ್‌ಸ್ಟ್ ಅಬ್ಬೆ, ಬಿಂಬವೆಂಬುದು ಎರಡು ಹಂತಗಳಲ್ಲಿ, ಮೊದಲು ವಿವರ್ತನೆಯ ಚುಕ್ಕೆಗಳಾಗಿ, ಅನಂತರ ಆ ಚುಕ್ಕೆಗಳ ವ್ಯತಿಕರಣವಾಗಿ ಏರ್ಪಡುತ್ತದೆಯೆಂದು 1873ರಲ್ಲಿಯೇ ತೋರಿಸಿದ್ದರೆಂಬುದೂ, 1906ರಲ್ಲಿ ಪೋರ್ಟರ್ ಎಂಬವರು ಅದನ್ನು ತಂತಿಯ ಬಲೆಯೊಂದರಿಂದ ಮನಮುಟ್ಟುವಂತೆ ಸಿದ್ಧಪಡಿಸಿ ತೋರಿದರೆಂಬುದೂ ನನಗೆ ತಿಳಿದುದು ಹೀಗೆಯೇ. ಫ್ರಾನ್ಸಿನ ಡ್ಯುಫಿಯು 1946ರಲ್ಲಿ ಫೂರಿಯೇ ಸಮಾಕಲನವನ್ನೂ ದೃಗ್ವಿಜ್ಞಾನದಲ್ಲಿ ಅದರ ಉಪಯೋಗಗಳನ್ನೂ ಕುರಿತು ಇಡಿಯ ಗ್ರಂಥವನ್ನೇ ಬರೆದಿದ್ದರು. ಅದೇ ದೇಶದ ಮರೆಶಾಲ್ ಮತ್ತು ಕ್ರೋಸ್ 1953ರಲ್ಲಿ, ಮಸಕಾದ ಛಾಯಾಚಿತ್ರವೊಂದನ್ನು ಮಸೂರದ ಸಂಗಮತಲದಲ್ಲಿ ತಡೆಗಳನ್ನಿಟ್ಟು ಸ್ಫುಟಗೊಳಿಸಿದ್ದರು. ಆದರೆ ಈ ವಿದ್ಯೆಯನ್ನು ವೇಗವಾಗಿ ಬೆಳೆಸಿದವರಲ್ಲಿ ಬಹುಮಂದಿ ಸಂಪರ್ಕಶಾಸ್ತ್ರದಿಂದ ಬಂದವರು. ದೂರವಾಣಿಯ ತಂತಿಯಲ್ಲಿ ಹರಿಯುವ ಸಂಕೇತಕ್ಕೂ ಮಸೂರವನ್ನು ಹಾಯುವ ಚಿತ್ರಕ್ಕೂ ಗಣಿತ ಒಂದೇ, ಅಲ್ಲಿ ಕಾಲ ಆಡುವ ಪಾತ್ರವನ್ನು ಇಲ್ಲಿ ದೇಶ ಆಡುತ್ತದೆ ಎಂಬ ಐಕ್ಯವನ್ನು ಅವರು ಕಂಡುಕೊಂಡರು. 1959ರಲ್ಲಿ ಬಂದ ಬಾರ್ನ್ ಮತ್ತು ವುಲ್ಫ್‌ರ ಮಹಾಗ್ರಂಥ ಭೌತವಿಜ್ಞಾನಿಗಾಗಿ ಬರೆದುದು. ನನ್ನಂತಹ ರೇಡಾರಿನ ಇಂಜಿನಿಯರನಿಗೆ ಗುಡ್‌ಮನ್ನರ ಬಾಗಿಲೇ ತಕ್ಕುದಾಗಿದ್ದಿತು.

ನಮ್ಮ ವಿಭಾಗಕ್ಕೆ ಹಿರಿಯರಾಗಿದ್ದವರನ್ನು ನಾವೆಲ್ಲ ಮೇಷ್ಟ್ರು ಎಂದೇ ಕರೆಯುತ್ತಿದ್ದೆವು. ನಾನು ಪುಸ್ತಕದ ವಿಚಾರವನ್ನು ಉತ್ಸಾಹದಿಂದ ಅರಿಕೆಮಾಡಿಕೊಂಡಾಗ ಅವರು ಶಾಂತವಾಗಿ ಕೇಳಿ, “ಓದಿದ್ದು ಸಾಕಪ್ಪ, ಇನ್ನು ಕಣ್ಣಲ್ಲಿ ನೋಡು. ಕಂಡಮೇಲೆ ಬಂದು ಮತ್ತೆ ಹೇಳು” ಎಂದರು. ಕಾಣುವುದು ಸುಲಭವಾಗಿರಲಿಲ್ಲ. ಬೆಳಕಿನ ಪ್ರಯೋಗಕ್ಕೆ ಅಲುಗಾಡದ ಮೇಜು ಬೇಕು. ವಿದೇಶದಿಂದ ತರಿಸುವ ಮೇಜಿಗೆ ವಿದೇಶೀ ವಿನಿಮಯದ ಅನುಮತಿ ಬೇಕು. ಆ ಅನುಮತಿಗಾಗಿ ಕಾಯುವಷ್ಟು ಸಹನೆ ನಮಗಿರಲಿಲ್ಲ. ನಮ್ಮ ವರ್ಕ್‌ಶಾಪಿನ ಹಿರಿಯ ಫಿಟ್ಟರ್ ಒಬ್ಬರು, ಅಕ್ಷರಾಭ್ಯಾಸ ಹೆಚ್ಚಿಲ್ಲದಿದ್ದರೂ ಉಕ್ಕಿನ ಸ್ವಭಾವವನ್ನು ಬೆರಳತುದಿಯಲ್ಲಿ ಬಲ್ಲವರು, ಸ್ಕೂಟರಿನ ಟ್ಯೂಬುಗಳಿಗೆ ಹದವಾಗಿ ಗಾಳಿ ತುಂಬಿ ಅವುಗಳ ಮೇಲೆ ಮರದ ದೊಡ್ಡ ತೊಟ್ಟಿಯನ್ನಿರಿಸಿ, ಅದರ ತುಂಬ ಜರಡಿಹಿಡಿದ ಒಣಮರಳನ್ನು ಹಾಕಿಕೊಟ್ಟರು. ಮಸೂರಗಳ ಕಂಬಗಳನ್ನು ಮರಳಿನಲ್ಲಿ ಊರಿ ನಿಲ್ಲಿಸುವುದು. ಹೊರಗಿನ ರಸ್ತೆಯಲ್ಲಿ ಲಾರಿಗಳ ಓಡಾಟ ಅಡಗಿದಮೇಲೆ, ರಾತ್ರಿಯಲ್ಲಿ ಕೆಲಸ ಮಾಡುವುದು. ಪ್ರಪಂಚದ ಅನೇಕ ಕಡೆ ಬಡ ಪ್ರಯೋಗಶಾಲೆಗಳಲ್ಲಿ, ವಸ್ತುವಿನಿಂದ ಬಂದ ಬೆಳಕಿನ ಅಲೆಯನ್ನೇ ಫಲಕದಲ್ಲಿ ಅಚ್ಚೊತ್ತಿಸಿಕೊಳ್ಳುವ ಹೊಲೊಗ್ರಾಂಗಳು ಹುಟ್ಟಿದುದು ಇಂಥ ಮರಳಿನ ಮೇಜುಗಳ ಮೇಲೆಯೇ ಎಂಬುದನ್ನು ನಾನು ಆಮೇಲೆ ಓದಿ ಸಂತೋಷಪಟ್ಟೆ.

ಮೊದಲು ಮಾಡಿದುದು ಪೋರ್ಟರನ ಪ್ರಯೋಗ. ಸಣ್ಣ ಕಣ್ಣಿನ ತಂತಿಯ ಬಲೆಯನ್ನು ಲೇಸರ್ ಕಿರಣದ ದಾರಿಯಲ್ಲಿಟ್ಟು, ಮಸೂರದ ಸಂಗಮತಲದಲ್ಲಿ ಬಿಳಿಯ ಕಾಗದವನ್ನು ಹಿಡಿದಾಗ, ಚೌಕಚೌಕವಾಗಿ ಜೋಡಿಸಿದ ಕೆಂಪು ಚುಕ್ಕೆಗಳ ಸಾಲುಗಳು ಕಂಡವು. ಕಾಗದವನ್ನು ತೆಗೆದು, ಅಡ್ಡಲಾಗಿ ಸೀಳಿದ ಒಂದು ತಗಡನ್ನು ಆ ಸ್ಥಳದಲ್ಲಿಟ್ಟು, ನಡುವಿನ ಅಡ್ಡಸಾಲೊಂದನ್ನು ಮಾತ್ರ ಮುಂದಕ್ಕೆ ಬಿಟ್ಟೆವು. ಎರಡನೆಯ ಮಸೂರದಾಚೆ ಗೋಡೆಯ ಮೇಲೆ ಬಿದ್ದಿದ್ದ ಬಲೆಯ ಬಿಂಬದಲ್ಲಿ ಅಡ್ಡತಂತಿಗಳೆಲ್ಲ ಮಾಯವಾಗಿ, ಉದ್ದನೆಯ ತಂತಿಗಳು ಮಾತ್ರ ನಿಂತವು. ಪಕ್ಕದಲ್ಲಿ ನಿಂತಿದ್ದ ಫಿಟ್ಟರು ಬಲೆಯ ಬಳಿಗೆ ಹೋಗಿ ಬಗ್ಗಿ ನೋಡಿ, “ಅಡ್ಡತಂತಿ ಇಲ್ಲೇ ಇದೆಯಲ್ಲ ಸ್ವಾಮಿ, ಅಲ್ಲಿ ಎಲ್ಲಿ ಹೋಯ್ತು?” ಎಂದು ಕೇಳಿದರು. ನಾನು ತಗಡನ್ನು ತೊಂಬತ್ತು ಡಿಗ್ರಿ ತಿರುಗಿಸಿದೆ. ಅಡ್ಡತಂತಿಗಳು ಬಂದವು, ಉದ್ದನೆಯವು ಹೋದವು. ಅವರು ಆ ತಗಡನ್ನು ನನ್ನ ಕೈಯಿಂದ ತೆಗೆದುಕೊಂಡು ತಾವೇ ಓರೆಯಾಗಿ ತಿರುಗಿಸಿದರು. ಬಲೆಯಲ್ಲಿ ಎಲ್ಲಿಯೂ ಇಲ್ಲದ ಓರೆಗೆರೆಗಳು ಗೋಡೆಯ ಮೇಲೆ ಮೂಡಿದಾಗ ಅವರ ಮುಖದಲ್ಲಿ ಕಂಡ ಬೆರಗು ನನ್ನ ಮುಖದಲ್ಲಿಯೂ ಇದ್ದಿರಬೇಕು. ಬಲೆಗೆ ಅಂಟಿದ್ದ ಧೂಳಿನ ಕಣಗಳನ್ನೂ ಹೀಗೆಯೇ ತೊಲಗಿಸಬಹುದು. ಕ್ರಮಬದ್ಧವಾದ ಬಲೆಯ ಬೆಳಕು ನಿಯತವಾದ ಚುಕ್ಕೆಗಳಲ್ಲಿ ಸೇರಿಕೊಂಡಿರುವುದರಿಂದಲೂ, ಧೂಳಿನ ಬೆಳಕು ಎಲ್ಲೆಡೆ ಚೆದರಿರುವುದರಿಂದಲೂ, ಚುಕ್ಕೆಗಳಿರುವೆಡೆ ಮಾತ್ರ ತೂತುಗಳಿರುವ ತಗಡನ್ನಿಟ್ಟರೆ, ಮೊರದಲ್ಲಿ ಕೇರಿದಾಗ ಹೊಟ್ಟು ಹಾರಿಹೋಗಿ ಕಾಳು ಉಳಿಯುವಂತೆ ಬಲೆಯೊಂದೇ ಉಳಿಯುತ್ತದೆ.

ಇಷ್ಟೆಲ್ಲ ಬರಿಯ ಸೊಗಸಿನ ಆಟವಾಗಿ ಉಳಿಯದೆ ಒಂದು ದೊಡ್ಡ ವಿದ್ಯೆಯಾದುದು ಅಮೆರಿಕದ ಮಿಷಿಗನ್ ವಿಶ್ವವಿದ್ಯಾನಿಲಯದ ವಿಲೋ ರನ್ ಪ್ರಯೋಗಾಲಯದಲ್ಲಿ. ವಿಮಾನದಲ್ಲಿ ಸಾಗುವ ಚಿಕ್ಕ ರೇಡಾರ್ ಆಂಟೆನಾ ತಾನು ಹಾದುಹೋದ ದಾರಿಯುದ್ದಕ್ಕೂ ಪಡೆದ ಪ್ರತಿಧ್ವನಿಗಳನ್ನು ಪ್ರಾವಸ್ಥೆಯೊಡನೆ ಕೂಡಿಟ್ಟುಕೊಂಡು, ಅವನ್ನು ಆಮೇಲೆ ತಕ್ಕ ಕ್ರಮದಲ್ಲಿ ಬೆರೆಸಿದರೆ, ನೂರಾರು ಮೀಟರ್ ಉದ್ದದ ಆಂಟೆನಾದಿಂದ ದೊರೆಯಬಹುದಾದಷ್ಟು ಸೂಕ್ಷ್ಮವಾದ ಭೂಚಿತ್ರ ದೊರೆಯುತ್ತದೆ. ತತ್ತ್ವವೇನೋ ಸ್ಪಷ್ಟವಾಗಿದ್ದಿತು, ಆದರೆ ಆ ಬೆರಕೆಯ ಲೆಕ್ಕವನ್ನು ಮಾಡಿಮುಗಿಸುವ ಶಕ್ತಿ 1950ರ ದಶಕದ ಯಾವ ಗಣಕಕ್ಕೂ ಇರಲಿಲ್ಲ. ಎಮೆಟ್ ಲೀತ್ ಮತ್ತು ಅವರ ಸಂಗಡಿಗರು ಪ್ರತಿಧ್ವನಿಗಳನ್ನು ಛಾಯಾಚಿತ್ರದ ಫಿಲ್ಮಿನ ಮೇಲೆ ಬರೆದರು. ನೆಲದ ಮೇಲಿನ ಒಂದೊಂದು ಬಿಂದುವೂ ಫಿಲ್ಮಿನಲ್ಲಿ ನಡುವಿನಿಂದ ಅಂಚಿನತ್ತ ಕ್ರಮವಾಗಿ ಕಿರಿದಾಗುತ್ತ ಹೋಗುವ ಗೆರೆಗಳ ಪಟ್ಟಿಯಾಗಿ ಅಂಕಿತವಾಯಿತು. ಅಂಥ ಪಟ್ಟಿ ತಾನೇ ಒಂದು ಮಸೂರದಂತೆ ವರ್ತಿಸುವುದಾದುದರಿಂದ, ಫಿಲ್ಮಿನ ಮೂಲಕ ಬೆಳಕನ್ನು ಹಾಯಿಸಿದೊಡನೆ ಆ ಬಿಂದು ತನ್ನಷ್ಟಕ್ಕೆ ಒಂದೆಡೆ ಸಂಗಮಿಸಿತು. ಸೆಂಟಿಮೀಟರ್ ಪ್ರಮಾಣದ ರೇಡಾರ್ ಅಲೆ ಮೈಕ್ರೊಮೀಟರಿಗಿಂತ ಕಿರಿದಾದ ಬೆಳಕಿನ ಅಲೆಯಾಗಿ ಪುನರ್ಜನ್ಮ ತಾಳಿದ ಈ ಘಟನೆಗಿಂತ ಹೆಚ್ಚು ಸುಂದರವಾದುದನ್ನು ನಾನು ತಂತ್ರವಿದ್ಯೆಯಲ್ಲಿ ಬೇರೆ ಕಂಡಿಲ್ಲ.

1960ರಲ್ಲಿ ಕಟ್ರೋನಾ, ಲೀತ್, ಪಲೆರ್ಮೊ, ಪೋರ್ಸೆಲೊ ಈ ನಾಲ್ವರು ಈ ಬಗೆಯ ಸಂಸ್ಕರಣೆಯ ತತ್ತ್ವಗಳನ್ನು ಒಂದು ದೀರ್ಘಪ್ರಬಂಧದಲ್ಲಿ ಪ್ರಕಟಿಸಿದರು. ಮುಂದಿನ ಗ್ರಂಥಗಳೆಲ್ಲ ಅದಕ್ಕೆ ಋಣಿಗಳು. ಎಲೆಕ್ಟ್ರಾನ್ ಸೂಕ್ಷ್ಮದರ್ಶಕವನ್ನು ಉತ್ತಮಪಡಿಸುವುದಕ್ಕಾಗಿ ಡೆನಿಸ್ ಗ್ಯಾಬೊರ್ 1948ರಲ್ಲಿ ಪ್ರಕಟಿಸಿದ ಹೊಲೊಗ್ರಾಫಿಯ ತತ್ತ್ವವನ್ನು ಲೀತ್ ತಮ್ಮ ರೇಡಾರಿನ ಕೆಲಸದೊಳಗಿಂದ ಸ್ವತಂತ್ರವಾಗಿ ಮತ್ತೆ ಕಂಡುಕೊಂಡಿದ್ದರು. ಅವರೂ ಯೂರಿಸ್ ಉಪಾಟ್ನಿಯೆಕ್ಸ್ ಅವರೂ 1962ರಲ್ಲಿ ಅದನ್ನು ಸಂಪರ್ಕಶಾಸ್ತ್ರದ ಭಾಷೆಯಲ್ಲಿ ನಿರೂಪಿಸಿ, 1964ರಲ್ಲಿ ಆಟಿಕೆಯ ರೈಲೊಂದರ ಹೊಲೊಗ್ರಾಂ ತೋರಿಸಿ ಲೋಕವನ್ನು ಬೆರಗುಗೊಳಿಸಿದರು. ಗ್ಯಾಬೊರರಿಗೆ 1971ರಲ್ಲಿ ನೊಬೆಲ್ ಪಾರಿತೋಷಕ ಬಂದಾಗ ನಮ್ಮ ಪ್ರಯೋಗಾಲಯದ ಚಹಾದ ಹೊತ್ತಿನಲ್ಲಿ ಬೇರೆ ಮಾತೇ ಇರಲಿಲ್ಲ.

1964ರ ನವೆಂಬರಿನಲ್ಲಿ ಬಾಸ್ಟನ್ನಿನಲ್ಲಿ ನಡೆದ ವಿಚಾರಗೋಷ್ಠಿಯ ಪ್ರಬಂಧಗಳು ‘ಆಪ್ಟಿಕಲ್ ಅಂಡ್ ಎಲೆಕ್ಟ್ರೊ-ಆಪ್ಟಿಕಲ್ ಇನ್ಫರ್ಮೇಷನ್ ಪ್ರೊಸೆಸಿಂಗ್’ ಎಂಬ ಹೆಸರಿನಿಂದ 1965ರಲ್ಲಿ ಗ್ರಂಥವಾಗಿ ಹೊರಬಂದವು. ಪಠ್ಯಗ್ರಂಥದಲ್ಲಿ ಎಲ್ಲವೂ ನಿರ್ಧಾರವಾದ ಮೇಲಿನ ಶಾಂತಿ ಇರುತ್ತದೆ. ಗೋಷ್ಠಿಯ ಸಂಪುಟದಲ್ಲಿ ಇನ್ನೂ ನಿರ್ಧಾರವಾಗದಿರುವುದರ ಬಿಸಿ ಇರುತ್ತದೆ. ಅದೇ 1964ರಲ್ಲಿ ಆಂಥನಿ ವಾಂಡರ್ ಲುಗ್ಟ್ ಪ್ರಕಟಿಸಿದ ಫಿಲ್ಟರಿನ ವಿಚಾರವನ್ನು ನಾನು ಬೆನ್ನಟ್ಟಿದುದು ಆ ಬಿಸಿಯ ಪ್ರಭಾವದಿಂದಲೇ. ನಾವು ಹುಡುಕಬೇಕಾದ ಆಕೃತಿಯ ಫೂರಿಯೇ ಪರಿವರ್ತನೆಯನ್ನು ಓರೆಯಾಗಿ ಬಂದ ಇನ್ನೊಂದು ಕಿರಣದೊಡನೆ ಬೆರೆಸಿ ಗಾಜಿನ ಫಲಕದಲ್ಲಿ ಅಚ್ಚೊತ್ತಿಸಿಕೊಂಡು, ಆ ಫಲಕವನ್ನು ತೊಳೆದು ಮತ್ತೆ ಅದೇ ಸ್ಥಳದಲ್ಲಿಟ್ಟು, ಅದರ ಮುಂದೆ ಬೇರೊಂದು ಚಿತ್ರವನ್ನು ಹಿಡಿದರೆ, ಆ ಚಿತ್ರದಲ್ಲಿ ನಮ್ಮ ಆಕೃತಿ ಎಲ್ಲೆಲ್ಲಿ ಇದೆಯೋ ಅಲ್ಲಲ್ಲಿ ಬೆಳಕಿನ ಚುಕ್ಕೆಗಳು ಹೊಳೆಯುತ್ತವೆ. ಅಮೆರಿಕದವರು ರೋಮನ್ ಅಕ್ಷರಗಳನ್ನು ಹುಡುಕಿದ್ದರು. ನಾನು ಕನ್ನಡದ ಅಚ್ಚಿನ ಪುಟವೊಂದನ್ನು ಫಿಲ್ಮಿಗೆ ಇಳಿಸಿ ‘ವ’ ಅಕ್ಷರವನ್ನು ಹುಡುಕಲು ಹೊರಟೆ.

‘ವ’ ಇರುವೆಡೆಯಲ್ಲೆಲ್ಲ ಚುಕ್ಕೆ ಹೊಳೆಯಿತು, ನಿಜ. ‘ಮ’ ಇರುವೆಡೆಯಲ್ಲಿಯೂ ಹೊಳೆಯಿತು. ನಮ್ಮ ಲಿಪಿಯ ದುಂಡುತನವೇ ಇದಕ್ಕೆ ಕಾರಣ. ಅಕ್ಷರಗಳ ದೊಡ್ಡ ವೃತ್ತಾಕಾರಗಳು ಕಡಿಮೆ ಆವರ್ತನಗಳಲ್ಲಿ ಕುಳಿತಿರುತ್ತವೆ, ಅವು ಬಹುಪಾಲು ಅಕ್ಷರಗಳಿಗೆ ಸಮಾನ; ಒಂದನ್ನು ಇನ್ನೊಂದರಿಂದ ಬೇರೆಮಾಡುವ ಬಾಲ, ಸೀಳು, ಕೊಂಬುಗಳು ಹೆಚ್ಚಿನ ಆವರ್ತನಗಳಲ್ಲಿರುತ್ತವೆ, ಅವುಗಳ ಬೆಳಕು ಕ್ಷೀಣ. ಪ, ಫ, ಷ ಈ ಮೂರನ್ನು ಒಂದೇ ಸಾಲಿನಲ್ಲಿ ಬರೆದು ನೋಡಿದರೆ ಈ ಕಷ್ಟ ಯಾರಿಗಾದರೂ ಅರಿವಾಗುತ್ತದೆ. ಇದಕ್ಕೆ ಗ್ರಂಥಗಳೇ ಉಪಾಯವನ್ನು ಹೇಳಿದ್ದುವು: ಎರಡು ಕಿರಣಗಳ ಬಲವನ್ನು ಹೆಚ್ಚಿನ ಆವರ್ತನಗಳಿರುವೆಡೆಯಲ್ಲಿ ಸರಿತೂಗುವಂತೆ ಹೊಂದಿಸಿಕೊಂಡರೆ, ಫಲಕದ ನಡುಭಾಗ ಬೆಳಕಿನ ಆಧಿಕ್ಯದಿಂದ ಕಪ್ಪಾಗಿ ನಿಷ್ಪ್ರಯೋಜಕವಾಗುತ್ತದೆ, ಅಂಚಿನ ಸೂಕ್ಷ್ಮಗಳಷ್ಟೇ ಉಳಿದು ಅಕ್ಷರದ ಗುರುತು ಹಿಡಿಯುತ್ತವೆ. ಹಾಗೆ ಮಾಡಿದಾಗ ‘ಮ’ಗಳು ಒಂದೊಂದಾಗಿ ಮಂಕಾಗಿ ‘ವ’ಗಳು ಮಾತ್ರ ಹೊಳೆದುವು. ಕಿರಣಗಳ ನಡುವೆ 30 ಡಿಗ್ರಿ ಕೋನವಿದ್ದಾಗ ಫಲಕದಲ್ಲಿ ಮೂಡುವ ಗೆರೆಗಳು ಮಿಲಿಮೀಟರಿಗೆ 790ರಷ್ಟು ಒತ್ತಾಗಿರುತ್ತವೆ. ಸಾಮಾನ್ಯ ಫಿಲ್ಮಿನ ಕೈಗೆ ಅದು ಎಟಕುವುದಿಲ್ಲವಾಗಿ, ಹೊರದೇಶದಿಂದ ಬಂದ ಫಲಕಗಳನ್ನು ನಾವು ಫ್ರಿಜ್ಜಿನಲ್ಲಿ ಜೋಪಾನವಾಗಿಟ್ಟು ಎಣಿಸಿ ಎಣಿಸಿ ಬಳಸುತ್ತಿದ್ದೆವು. ತೊಳೆದ ಫಲಕವನ್ನು ಮೈಕ್ರೊಮೀಟರುಗಳ ನಿಖರತೆಯಲ್ಲಿ ಮತ್ತೆ ಹಳೆಯ ಸ್ಥಳಕ್ಕೆ ತರುವುದು ಎಲ್ಲಕ್ಕಿಂತ ಕಠಿಣ. ಅದಕ್ಕೆ ನಮ್ಮ ಫಿಟ್ಟರು ಮೂರು ಉಕ್ಕಿನ ಗುಂಡುಗಳ ಮೇಲೆ ಕೂರುವ ಚೌಕಟ್ಟನ್ನು ಮಾಡಿಕೊಟ್ಟರು: ಒಂದು ಗುಂಡಿಗೆ ಕುಳಿ, ಇನ್ನೊಂದಕ್ಕೆ ತೋಡು, ಮೂರನೆಯದಕ್ಕೆ ಸಮತಲ. ಎಷ್ಟು ಸಲ ತೆಗೆದಿಟ್ಟರೂ ಆ ಚೌಕಟ್ಟು ತನ್ನ ಜಾಗವನ್ನು ಮರೆಯಲಿಲ್ಲ. ಯಾವ ಗ್ರಂಥಕರ್ತನ ಹೆಸರಿನ ಜೊತೆಗೂ ಆ ಫಿಟ್ಟರ ಹೆಸರನ್ನು ಸೇರಿಸಿ ಹೇಳಲು ನನಗೆ ಸಂಕೋಚವಿಲ್ಲ.

ಫಿಲ್ಮನ್ನು ತೊಳೆಯಬೇಕಾದ ಈ ಅವಸ್ಥೆಯೇ ಬೆಳಕಿನ ಸಂಸ್ಕರಣೆಯ ದೊಡ್ಡ ಕೊರತೆಯಾಗಿದ್ದಿತು. ಮಸೂರ ಲೆಕ್ಕ ಮಾಡುವುದು ಕೆಲವು ನ್ಯಾನೊಸೆಕೆಂಡುಗಳಲ್ಲಿ. ಮಸೂರದ ಮುಂದಿಡುವ ಚಿತ್ರವನ್ನು ಸಿದ್ಧಪಡಿಸುವುದಕ್ಕೆ ಕತ್ತಲಕೋಣೆಯಲ್ಲಿ ಅರ್ಧಗಂಟೆ. ರೇಡಾರಿನ ಪ್ರತಿಧ್ವನಿ ನಮ್ಮ ಅನುಕೂಲಕ್ಕಾಗಿ ಕಾಯುವುದಿಲ್ಲ. 15 ಕಿಲೊಮೀಟರ್ ದೂರದ ವಸ್ತುವಿನಿಂದ ಅದು ಮರಳಿಬರುವುದು 100 ಮೈಕ್ರೊಸೆಕೆಂಡಿನಲ್ಲಿ. ಸೆಕೆಂಡಿಗೆ ಸಾವಿರ ಸ್ಪಂದಗಳನ್ನು ಕಳುಹಿಸುವ ರೇಡಾರಿನಲ್ಲಿ ಒಂದು ಸ್ಪಂದದ ಲೆಕ್ಕವನ್ನು ಒಂದು ಮಿಲಿಸೆಕೆಂಡಿನೊಳಗೆ ಮುಗಿಸದಿದ್ದರೆ ಮುಂದಿನದು ಬಂದು ಬಾಗಿಲಲ್ಲಿ ನಿಂತಿರುತ್ತದೆ. ಈ ಇಕ್ಕಟ್ಟಿಗೆ ಒಂದು ಉತ್ತರ ಧ್ವನಿಯಿಂದ ಬಂದಿತು. ಪಾರದರ್ಶಕವಾದ ಸ್ಫಟಿಕಕ್ಕೆ ವಿದ್ಯುತ್ ಸಂಕೇತವನ್ನು ಶ್ರವಣಾತೀತ ಧ್ವನಿಯಾಗಿ ಊಡಿದರೆ, ಆ ಧ್ವನಿಯ ಸಾಂದ್ರ ವಿರಳ ಪಟ್ಟಿಗಳು ಬೆಳಕಿಗೆ ಚಲಿಸುವ ಗ್ರೇಟಿಂಗ್ ಆಗುತ್ತವೆ. ಸಂಕೇತದಲ್ಲಿರುವ ಒಂದೊಂದು ಆವರ್ತನವೂ ಬೆಳಕನ್ನು ಒಂದೊಂದು ಕೋನಕ್ಕೆ ಬಾಗಿಸುತ್ತದೆ. ಇಲ್ಲಿ ಫಿಲ್ಮಿಲ್ಲ, ತೊಳೆಯುವುದಿಲ್ಲ; ಸಂಕೇತ ಸ್ಫಟಿಕವನ್ನು ಹಾಯುತ್ತಿರುವಾಗಲೇ ಅದರ ವರ್ಣಪಟ ಆಚೆ ಬದಿಯಲ್ಲಿ ಹರಡಿರುತ್ತದೆ.

ಬ್ರಾಗ್ ಸೆಲ್ ಎಂಬ ಈ ಸಾಧನವನ್ನು ವರ್ಣಿಸುವ ಅಮೆರಿಕದ ಗ್ರಂಥದಲ್ಲಿ ರಾಮನ್-ನಾಥ್ ವಿವರ್ತನೆಯೆಂಬ ಮಾತು ಕಣ್ಣಿಗೆ ಬಿದ್ದಾಗ ನಾನು ಪುಸ್ತಕವನ್ನು ಮುಚ್ಚಿ ಸ್ವಲ್ಪ ಹೊತ್ತು ಸುಮ್ಮನೆ ಕುಳಿತೆ. ಧ್ವನಿ ಬೆಳಕನ್ನು ವಿವರ್ತಿಸುತ್ತದೆಯೆಂದು 1932ರಲ್ಲಿ ಅಮೆರಿಕದಲ್ಲಿ ಡಿಬೈ ಮತ್ತು ಸಿಯರ್ಸ್, ಫ್ರಾನ್ಸಿನಲ್ಲಿ ಲ್ಯೂಕಾ ಮತ್ತು ಬಿಕಾರ್ ಪ್ರಯೋಗದಿಂದ ಕಂಡಿದ್ದರು. ಆದರೆ ಚುಕ್ಕೆಗಳ ಸಾಲಿನಲ್ಲಿ ಯಾವುದು ಎಷ್ಟು ಪ್ರಖರ, ಧ್ವನಿಯ ಬಲ ಹೆಚ್ಚಿದಂತೆ ಒಂದು ಮಂಕಾಗಿ ಇನ್ನೊಂದು ಏಕೆ ಬೆಳಗುತ್ತದೆ ಎಂಬುದಕ್ಕೆ ಸಮರ್ಪಕವಾದ ಸಿದ್ಧಾಂತವನ್ನು ಕೊಟ್ಟವರು ಚಂದ್ರಶೇಖರ ವೆಂಕಟರಾಮನ್ ಮತ್ತು ನಾಗೇಂದ್ರನಾಥ್, 1935 ಮತ್ತು 1936ರಲ್ಲಿ, ಬೆಂಗಳೂರಿನ ಇಂಡಿಯನ್ ಅಕಾಡೆಮಿ ಆಫ್ ಸೈನ್ಸಸ್‌ನ ನಡವಳಿಗಳಲ್ಲಿ ಪ್ರಕಟಿಸಿದ ಪ್ರಬಂಧಮಾಲೆಯಲ್ಲಿ. ಧ್ವನಿಯ ಪಟ್ಟಿಗಳು ಬೆಳಕನ್ನು ತಡೆಯುವುದಿಲ್ಲ, ಅದರ ಪ್ರಾವಸ್ಥೆಯನ್ನು ಮಾತ್ರ ಸುಕ್ಕುಗೊಳಿಸುತ್ತವೆ ಎಂಬ ಒಂದು ಸರಳ ಭಾವನೆಯಿಂದ ಹೊರಟು, ಪ್ರತಿ ಚುಕ್ಕೆಯ ಪ್ರಖರತೆ ಬೆಸೆಲ್ ಫಲನವೊಂದರ ವರ್ಗವಾಗುತ್ತದೆಯೆಂದು ಅವರು ತೋರಿಸಿದರು. ನಾನು ಗುಡ್‌ಮನ್ನರನ್ನು ಓದುತ್ತಿದ್ದ ಆ ಸಂಸ್ಥೆಯ ಆವರಣದಲ್ಲಿಯೇ ರಾಮನ್ನರು ಆ ಪ್ರಬಂಧಗಳ ಕಾಲದಲ್ಲಿ ಪ್ರಾಧ್ಯಾಪಕರಾಗಿದ್ದುದು. ಆ ಹಳೆಯ ಸಂಪುಟಗಳನ್ನು ಕೇಳಿ ತರಿಸಿಕೊಂಡು ಓದಿದೆ. ಸಾಗರಗಳನ್ನು ದಾಟಿ ಬಂದ ಗ್ರಂಥವೊಂದು ನನ್ನನ್ನು ನನ್ನ ಊರಿನ ಕಪಾಟಿನ ಬಳಿಗೇ ಕರೆತಂದಿದ್ದಿತು. ಅದರ ಹೆಮ್ಮೆಯನ್ನು ನಾನು ಈಗಲೂ ಮುಚ್ಚಿಡಲಾರೆ.

ಈ ನಡುವೆ ಇನ್ನೊಂದು ಧಾರೆ ಬಲವಾಗುತ್ತಿದ್ದಿತು. ಕೂಲಿ ಮತ್ತು ಟೂಕಿ 1965ರಲ್ಲಿ ಪ್ರಕಟಿಸಿದ ಕ್ರಮದಿಂದ, 1024 ಮಾದರಿಗಳ ಫೂರಿಯೇ ಪರಿವರ್ತನೆಗೆ ಹತ್ತು ಲಕ್ಷಕ್ಕೂ ಮೀರಿದ ಗುಣಾಕಾರಗಳ ಬದಲು ಹತ್ತು ಸಾವಿರದ ಆಸುಪಾಸಿನ ಗುಣಾಕಾರಗಳೇ ಸಾಕಾದುವು. 1975ರಲ್ಲಿ ಆಪನ್‌ಹೈಮ್ ಮತ್ತು ಶೇಫರ್‌ರ ಗ್ರಂಥವೂ, ರಬಿನರ್ ಮತ್ತು ಗೋಲ್ಡ್‌ರ ಗ್ರಂಥವೂ ಒಟ್ಟಿಗೆ ಬಂದು, ಅಂಕೀಯ ಸಂಕೇತ ಸಂಸ್ಕರಣೆಗೆ ಶಾಸ್ತ್ರದ ಪಟ್ಟವನ್ನು ಕಟ್ಟಿದುವು. 1978ರಲ್ಲಿ ಅಮೆರಿಕ ಹಾರಿಸಿದ ಸೀಸ್ಯಾಟ್ ಉಪಗ್ರಹದ ರೇಡಾರ್ ದತ್ತವನ್ನು ಮೊದಲು ಲೀತ್ ಪರಂಪರೆಯ ಮಸೂರಗಳಿಂದಲೇ ಚಿತ್ರವಾಗಿಸಿದರು. ಅದೇ ವರ್ಷ ಕೆನಡಾದಲ್ಲಿ ಮಿನಿಗಣಕವೊಂದು ಬಹಳ ಗಂಟೆಗಳ ಕಾಲ ದುಡಿದು ಅದೇ ಬಗೆಯ ಚಿತ್ರವನ್ನು ಅಂಕಿಗಳಿಂದಲೇ ರಚಿಸಿತು. ಮಸೂರ ಕ್ಷಣಮಾತ್ರದಲ್ಲಿ ಮಾಡುವುದನ್ನು ಯಂತ್ರ ಅಷ್ಟು ಹೊತ್ತು ಮಾಡಿತಲ್ಲ ಎಂದು ನಮ್ಮಲ್ಲಿ ಕೆಲವರು ಸಮಾಧಾನ ತಾಳಿದರು. ಮೇಷ್ಟ್ರು ತಾಳಲಿಲ್ಲ. “ಗಂಟೆ ಇವತ್ತಿನದಪ್ಪ, ಮುಂದೆ ಅದು ಕರಗುತ್ತೆ. ಅಂಕಿಗೆ ಧೂಳು ಕೂರೋಲ್ಲ, ಅದನ್ನು ನೋಡು” ಎಂದರು.

ಆ ವರ್ಷವೇ ಅಮೆರಿಕದ ಸ್ಯಾನ್ ಡಿಯಾಗೊದಲ್ಲಿ ‘ರಿಯಲ್-ಟೈಮ್ ಸಿಗ್ನಲ್ ಪ್ರೊಸೆಸಿಂಗ್’ ಎಂಬ ಹೆಸರಿನ ಗೋಷ್ಠಿಗಳು ಆರಂಭವಾದುವು. ಅವುಗಳ ಸಂಪುಟಗಳು ಒಂದಾದಮೇಲೊಂದು ಹಡಗಿನ ಅಂಚೆಯಲ್ಲಿ ತಿಂಗಳುಗಟ್ಟಲೆ ತಡವಾಗಿ ನಮ್ಮನ್ನು ತಲಪುತ್ತಿದ್ದುವು. ಲೇಖಕರು ಬೆರಳಚ್ಚು ಮಾಡಿ ಕಳುಹಿಸಿದ ಹಾಳೆಗಳನ್ನೇ ಛಾಯಾಮುದ್ರಿಸಿದ ಪುಸ್ತಕಗಳವು. ಪುಟಪುಟಕ್ಕೂ ಅಕ್ಷರದ ಮುಖ ಬೇರೆ, ಗ್ರೀಕ್ ಚಿಹ್ನೆಗಳನ್ನು ಕೈಯಲ್ಲಿ ಬರೆದು ಸೇರಿಸಿದ್ದುದು ಕಾಣುತ್ತಿದ್ದಿತು. ನನಗೆ ಅವು ಪಠ್ಯಗ್ರಂಥಗಳಿಗಿಂತ ಪ್ರಿಯವಾದುವು. ಬ್ರಾಗ್ ಸೆಲ್ಲುಗಳು, ಸ್ಫಟಿಕದ ಮೇಲ್ಮೈಯಲ್ಲಿ ಧ್ವನಿ ಓಡುವ ಸಾಧನಗಳು, ವಿದ್ಯುದಾವೇಶವನ್ನು ಕೈಯಿಂದ ಕೈಗೆ ದಾಟಿಸುವ ಸಿಲಿಕಾನ್ ಸಾಲುಗಳು, ಅಂಕೀಯ ಸರ್ಕಿಟ್ಟುಗಳು, ಎಲ್ಲವೂ ಅಲ್ಲಿ ಒಂದೇ ಪಂಕ್ತಿಯಲ್ಲಿ ಕುಳಿತು, ಆ ಮಿಲಿಸೆಕೆಂಡನ್ನು ತಾನು ಗೆಲ್ಲುವೆನೆಂದು ವಾದಿಸುತ್ತಿದ್ದುವು. 1978ರಲ್ಲಿ ಗುಡ್‌ಮನ್ನರೂ ಅವರ ಸಂಗಡಿಗರೂ ಲೇಸರಿಲ್ಲದೆ, ಸಾಲಾಗಿ ಜೋಡಿಸಿದ ಬೆಳಕಿನ ಡಯೋಡುಗಳಿಂದಲೇ ಸದಿಶವೊಂದನ್ನು ಮಾತೃಕೆಯಿಂದ ಒಮ್ಮೆಲೇ ಗುಣಿಸುವ ವಿಧಾನವನ್ನು ಹೇಳಿದರು. 1981ರ ಸಂಪುಟದಲ್ಲಿ ಜೆಂಟಲ್‌ಮನ್ ಮತ್ತು ಕುಂಗ್, ಒಂದೇ ಬಗೆಯ ಪುಟ್ಟ ಲೆಕ್ಕಿಗ ಘಟಕಗಳನ್ನು ಬಲೆಯಂತೆ ಹೆಣೆದು, ಅಂಕಿಗಳು ತಾಳಕ್ಕೆ ಸರಿಯಾಗಿ ಒಂದರಿಂದ ಮುಂದಿನದಕ್ಕೆ ಹರಿಯುತ್ತ ಹೋದಂತೆ ಮಾತೃಕೆ ತಾನಾಗಿ ತ್ರಿಕೋನರೂಪಕ್ಕಿಳಿಯುವ ರಚನೆಯನ್ನು ನಿರೂಪಿಸಿದರು. ಬೆಳಕಿನವರು ಅಂಕಿಯವರಿಂದ ಕಲಿತರು, ಅಂಕಿಯವರು ಬೆಳಕಿನವರಿಂದ ಸಮಾಂತರವಾಗಿ ಯೋಚಿಸುವುದನ್ನು ಕಲಿತರು. ಸೋತ ದಾರಿಗಳ ವಿವರವೂ ಆ ಸಂಪುಟಗಳಲ್ಲಿ ಪ್ರಾಮಾಣಿಕವಾಗಿ ಅಚ್ಚಾಗಿದೆ. ಯಾವ ಮಾತೃಕೆಯಲ್ಲಿ ನಿಖರತೆ ಎಲ್ಲಿ ಕುಸಿಯಿತು, ಯಾವ ಡಯೋಡು ಪಕ್ಕದ್ದರ ಮೇಲೆ ಬೆಳಕು ಚೆಲ್ಲಿತು ಎಂಬುದನ್ನು ಅವರು ಬಿಚ್ಚಿ ಹೇಳಿದ್ದಾರೆ. ಇಂಥ ಸಂಪುಟಗಳನ್ನು ಹಳತಾದುವೆಂದು ಪುಸ್ತಕಾಲಯಗಳು ತೂಕಕ್ಕೆ ಹಾಕುವುದು ನನಗೆ ಬಹು ನೋವಿನ ಸಂಗತಿ.

1983ರ ಹೊತ್ತಿಗೆ ಟೆಕ್ಸಾಸ್ ಇನ್‌ಸ್ಟ್ರುಮೆಂಟ್ಸ್ ಸಂಸ್ಥೆಯ ಟಿಎಂಎಸ್32010 ಎಂಬ ಚಿಪ್ಪು 200 ನ್ಯಾನೊಸೆಕೆಂಡಿಗೊಂದು ಗುಣಾಕಾರವನ್ನು ಮಾಡುತ್ತ ಮಾರುಕಟ್ಟೆಗೆ ಬಂದಿತು. 1985ರಲ್ಲಿ ಅದೇ ಸಂಸ್ಥೆ ಬೆಂಗಳೂರಿನಲ್ಲಿಯೇ ತನ್ನ ಕೇಂದ್ರವನ್ನು ತೆರೆಯಿತು. ಮೇಷ್ಟ್ರು ಹೇಳಿದಂತೆಯೇ ಗಂಟೆಗಳು ಕರಗಿದುವು. ನಮ್ಮ ಮರಳಿನ ಮೇಜನ್ನು ಕಳಚಿ ಮರಳನ್ನು ಕಟ್ಟಡದ ಕೆಲಸಕ್ಕೆ ಕೊಟ್ಟೆವು. ನಾನೂ ಅಂಕಿಗಳ ಕಡೆಗೆ ತಿರುಗಿ, ಉದ್ಯೋಗದ ಉಳಿದ ಕಾಲವನ್ನೆಲ್ಲ ಚಿಪ್ಪುಗಳಿಗೆ ಕ್ರಮವಿಧಿಗಳನ್ನು ಬರೆಯುವುದರಲ್ಲಿ ಕಳೆದೆ. ಆದರೆ ಆ ಕೆಲಸದಲ್ಲಿ ನನಗೆ ಯಾವಾಗಲಾದರೂ ಸಂದೇಹ ಬಂದರೆ, ಮಾದರಿಗಳ ಸಾಲಿನ ಅಂಚನ್ನು ಥಟ್ಟನೆ ಕತ್ತರಿಸಿದಾಗ ವರ್ಣಪಟದಲ್ಲಿ ಏಳುವ ಅಡ್ಡಮೊಳಕೆಗಳು ಏಕೆಂದು ಯಾರಾದರೂ ಕಿರಿಯರು ಕೇಳಿದರೆ, ನನ್ನ ಮನಸ್ಸು ಸಮೀಕರಣಕ್ಕೆ ಹೋಗುತ್ತಿರಲಿಲ್ಲ. ಚೌಕನೆಯ ಕಂಡಿಯಿಂದ ಹೊರಟ ಬೆಳಕು ನಾಲ್ಕು ದಿಕ್ಕಿಗೂ ಚಾಚುವ ಚುಕ್ಕೆಗಳ ಶಿಲುಬೆಯನ್ನು ಕಂಡಿದ್ದ ಕಣ್ಣು ಉತ್ತರವನ್ನು ಕೊಡುತ್ತಿದ್ದಿತು. ಅಂಕಿಗಳಿಂದಲೇ ಫೂರಿಯೇಯನ್ನು ಕಲಿತವರಲ್ಲಿ ನನಗಿಂತ ಚತುರರನ್ನು ಬಹಳ ಮಂದಿಯನ್ನು ಕಂಡಿದ್ದೇನೆ. ಅವರಿಗೆ ಅದು ಒಂದು ಆಜ್ಞಾವಾಕ್ಯ, ಬರೆದರೆ ಫಲ ಬರುತ್ತದೆ. ಅವರೆಲ್ಲ ಒಮ್ಮೆಯಾದರೂ ತಂತಿಯ ಬಲೆಯ ಮುಂದೆ ನಿಲ್ಲಬೇಕಾಗಿದ್ದಿತೆಂದು ನಾನು ದೃಢವಾಗಿ ನಂಬಿದ್ದೇನೆ.

ಗುಡ್‌ಮನ್ನರ ಗ್ರಂಥ 1996, 2005, 2017ರಲ್ಲಿ ಪರಿಷ್ಕೃತವಾಗಿ ಬಂದು, ಈಗ ನಾಲ್ಕನೆಯ ಆವೃತ್ತಿಯಲ್ಲಿದೆ. ಅದನ್ನು ನನಗೆ ತೋರಿಸಿದವಳು ನನ್ನ ತಮ್ಮನ ಮಗಳು. ಬೆಳಕಿನಿಂದ ನರಜಾಲಗಳ ಲೆಕ್ಕವನ್ನು ಮಾಡುವ ಚಿಪ್ಪುಗಳ ಸಂಶೋಧನೆಯಲ್ಲಿ ತೊಡಗಿದ್ದಾಳೆ. 2018ರಲ್ಲಿ ಕ್ಯಾಲಿಫೋರ್ನಿಯಾದಲ್ಲಿ ಓಜ್ಕಾನ್ ಮತ್ತು ಅವರ ತಂಡದವರು, ವಿವರ್ತಿಸುವ ತೆಳುಪದರಗಳನ್ನು ಒಂದರ ಹಿಂದೊಂದು ನಿಲ್ಲಿಸಿ, ಕೈಬರಹದ ಅಂಕಿಗಳನ್ನು ಅಲೆಯೇ ಗುರುತಿಸುವಂತೆ ಮಾಡಿದುದನ್ನು ಅವಳು ನನಗೆ ವಿವರಿಸಿದಾಗ, ನಾನು ವಾಂಡರ್ ಲುಗ್ಟರ ಫಲಕವನ್ನೂ, 1985ರಲ್ಲಿ ಸಾಲ್ಟಿಸ್ ಮತ್ತು ಫರ್ಹತ್ ನರಜಾಲದ ಮಾದರಿಯನ್ನು ಬೆಳಕಿನಲ್ಲಿ ಕಟ್ಟುವ ಬಗೆಯನ್ನು ನಿರೂಪಿಸಿದ ಪ್ರಬಂಧವನ್ನೂ ಅವಳಿಗೆ ಹೇಳಿದೆ. ಅವಳು ಎಲ್ಲವನ್ನೂ ಬರೆದುಕೊಂಡು, “ದೊಡ್ಡಪ್ಪ, ನಮ್ಮ ಕಷ್ಟ ಬೇರೆ. ಬೆಳಕಿನ ಲೆಕ್ಕ ನೂರಕ್ಕೆ ಒಂದರಷ್ಟು ನಿಖರವಾಗಿ ಬರುತ್ತೆ, ಅದಕ್ಕಿಂತ ಮುಂದೆ ಗದ್ದಲದಲ್ಲಿ ಮುಳುಗಿಹೋಗುತ್ತೆ. ಅದನ್ನು ಹೇಗೆ ದಾಟೋದು?” ಎಂದಳು. ಅದೇ ಪ್ರಶ್ನೆಯನ್ನು ರಿಯಲ್-ಟೈಮ್ ಸಂಪುಟಗಳಲ್ಲಿ ಅಂಕಿಯವರು ಬೆಳಕಿನವರಿಗೆ ವರ್ಷ ವರ್ಷವೂ ಹಾಕಿದ್ದರು. ಸಂಖ್ಯೆಯ ಒಂದೊಂದು ಬಿಟ್ಟನ್ನೂ ಬೇರೆಬೇರೆ ಕಿರಣಕ್ಕೆ ಹಂಚಿ ಗುಣಿಸಿ, ಆಮೇಲೆ ಒಟ್ಟುಗೂಡಿಸುವ ಉಪಾಯಗಳನ್ನು ಬೆಳಕಿನವರು ಅಲ್ಲಿ ಸೂಚಿಸಿದ್ದಾರೆ. ಹಾಗೆ ಮಾಡಿದರೆ ಬೆಳಕಿನ ವೇಗದ ಲಾಭ ಎಷ್ಟು ಸೋರಿಹೋಗುತ್ತದೆಯೆಂಬ ಲೆಕ್ಕವೂ ಅಲ್ಲಿಯೇ ಇದೆ. ನನ್ನ ಬಳಿಯಿದ್ದ ಸಂಪುಟಗಳನ್ನು ಅವಳ ಕಾರಿನಲ್ಲಿ ತುಂಬಿಸಿದೆ. ಆ ಪುಟಗಳಲ್ಲಿ ಎರಡನ್ನು ಅವಳ ಗುಂಪಿನವರು ಈಗ ಹೊಸದಾಗಿ ಲೆಕ್ಕಹಾಕಿ ನೋಡುತ್ತಿದ್ದಾರಂತೆ. ಆಗ ಡಯೋಡಿನಲ್ಲಿ ಸೋತುದು ಈಗಿನ ಸಿಲಿಕಾನ್ ತರಂಗನಾಳದಲ್ಲಿಯೂ ಸೋಲುತ್ತದೆಯೆ ಎಂಬುದು ಅವರು ಇತ್ಯರ್ಥಮಾಡಬೇಕಾದ ವಿಷಯ.